ಸಾದಿಯಾ ಸುಳ್ಳು ಹೇಳಿದ್ಲಾ

ಜನವರಿ 9, 2025, ಗುರುವಾರ
ಚಿಕ್ಕಬಳ್ಳಾಪುರ

ಕೆಮಾಟು ಹೇಳೋದನ್ನ ನಂಬ್ಬೇಕಾ, ಸಾದಿಯಾ ಹೇಳೋದನ್ನ ನಂಬ್ಬೇಕಾ ಅಂತ ತಲೇಲಿ ಒಂದೇ ಸಮ ಓಡ್ತಾ ಇದೆ, ಮಲಗಿದ್ರೂ ನಿದ್ದೆ ಬರ್ಲಿಲ್ಲ, ಎದ್ದು ಬಂದು ಬರೀತಿದೀನಿ. ಇಬ್ಬರೂ ಸ್ಕೈರಿಮ್ ಅನ್ನೋ ಕಂಪ್ಯೂಟರ್ ಗೇಮಿನೋರು. ಅದು 2011ರ ನವೆಂಬರ್‌ನಲ್ಲಿ ಬಂದ ಗೇಮು, ಎಲ್ಲರೂ ಆಡಿ ಮುಗಿಸಿ ಎಷ್ಟೋ ಕಾಲ ಆಯ್ತು, ನಾನು ಈಗ ಆಡ್ತಿದೀನಿ. ನಮ್ಮ ಹಳೇ ಲ್ಯಾಪ್‌ಟಾಪಲ್ಲಿ ತಡವರಿಸದೆ ಓಡೋದು ಅದೊಂದೇ. ಡ್ರ್ಯಾಗನ್ ಹೊಡೆಯೋದು, ಲೋಕ ಉಳಿಸೋದು, ಅದೆಲ್ಲ ಇರ್ಲಿ ಒಂದ್ ಕಡೆ. ನನ್ನ ಮನಸ್ಸು ಹಿಡ್ಕೊಂಡಿರೋದು ವೈಟ್‌ರನ್ ಊರಿನ ಬ್ಯಾನರ್ಡ್ ಮೇರ್ ಅನ್ನೋ ಹೋಟ್ಲಲ್ಲಿ ಊಟ ಬಡಿಸೋ ಒಬ್ಬ ಹೆಂಗಸು, ಈ ಸಾದಿಯಾ.

ಆಡದೇ ಇರೋರಿಗೆ ಸ್ವಲ್ಪ ಹೇಳ್ಬಿಡ್ತೀನಿ. ವೈಟ್‌ರನ್ ಬಾಗಿಲ ಹತ್ರ ಅಲಿಕ್ರ್ ಅಂತ ಕರಿಯೋ ಸಿಪಾಯಿಗಳು ಇರ್ತಾರೆ, ದೂರದ ಹ್ಯಾಮರ್‌ಫೆಲ್ ನಾಡಿನೋರು. ಊರೊಳಗೆ ಬಿಡಲ್ಲ ಅಂತ ಕಾವಲಿನೋರು ಅವರನ್ನ ತಡೆದಿರ್ತಾರೆ. ಅವರು ನಮ್ಮನ್ನ ನಿಲ್ಲಿಸಿ, ಒಬ್ಬ ರೆಡ್‌ಗಾರ್ಡ್ ಹೆಂಗಸನ್ನ, ಅಂದ್ರೆ ನಮ್ಮ ಹ್ಯಾಮರ್‌ಫೆಲ್ ಜನಾಂಗದೋಳನ್ನ ಹುಡುಕ್ತಿದೀವಿ, ಈ ಕಡೆಯೋಳಲ್ಲ, ನಿಜವಾದ ಹೆಸರು ಹೇಳ್ಕೊಂಡಿರಲ್ಲ, ಸುಳಿವು ಕೊಟ್ರೆ ದುಡ್ಡು ಕೊಡ್ತೀವಿ ಅಂತಾರೆ. ಸಾದಿಯಾಗೆ ಹೋಗಿ ನಿನ್ನ ಹುಡುಕ್ಕೊಂಡು ಯಾರೋ ಬಂದಿದಾರೆ ಅಂದ್ರೆ ಅವಳು ಏನೂ ಮಾತಾಡ್ದೆ ನಮ್ಮನ್ನ ಮಹಡಿ ಮೇಲಿನ ರೂಮಿಗೆ ಕರ್ಕೊಂಡು ಹೋಗ್ತಾಳೆ, ಒಳಗೆ ಹೋದ ತಕ್ಷಣ ಚಾಕು ತೆಗೆದು ನಿಂತ್ಕೋತಾಳೆ. ಇಷ್ಟೊತ್ತು ತಲೆ ತಗ್ಗಿಸ್ಕೊಂಡು ಓಡಾಡ್ತಿದ್ದೋಳು! ಅವರು ಕಳಿಸಿದೋಳಲ್ಲ ನಾನು ಅಂತ ನಂಬಿಸಿದ್ಮೇಲೆ ಕತೆ ಹೇಳ್ತಾಳೆ. ನನ್ನ ಹೆಸರು ಸಾದಿಯಾ ಅಲ್ಲ, ಇಮಾನ್, ಹ್ಯಾಮರ್‌ಫೆಲ್‌ನ ಸುದಾ ಮನೆತನದೋಳು, ಆಲ್ಡ್‌ಮೆರಿ ಡೊಮಿನಿಯನ್ ಅನ್ನೋ ಎಲ್ಫ್‌ಗಳ ರಾಜ್ಯದ ವಿರುದ್ಧ ಬಾಯಿ ಬಿಟ್ಟೆ ಅಂತ ನನ್ನ ಕೊಲ್ಲಕ್ಕೆ ಇವರನ್ನ ಅಟ್ಟಿದಾರೆ, ಇವರ ನಾಯಕ ಕೆಮಾಟು, ಅವನನ್ನ ಮುಗಿಸು.

ಕೆಮಾಟು ಎಲ್ಲಿದಾನೆ ಅಂತ ಗೊತ್ತಾಗ್ಬೇಕಾದ್ರೆ ವೈಟ್‌ರನ್ ಜೈಲಲ್ಲಿ ಕೂತಿರೋ ಅವನದೇ ಗುಂಪಿನ ಒಬ್ಬನ್ನ ಕೇಳ್ಬೇಕು. ಅವನ ದಂಡ 100 ಚಿನ್ನದ ನಾಣ್ಯ, ಅದನ್ನ ಕಟ್ಟಿದ್ರೆ ಬಾಯಿ ಬಿಡ್ತಾನೆ. ಸಿಕ್ಕಿಬಿದ್ದ ಅಂತ ಅವನ ಜೊತೇಲಿದ್ದೋರೇ ಅವನನ್ನ ಕೈ ಬಿಟ್ಟಿದಾರೆ. ಆಮೇಲೆ ಸ್ವಿಂಡ್ಲರ್ಸ್ ಡೆನ್ ಅನ್ನೋ ಗುಹೆ, ಒಳಗೆಲ್ಲ ಡಕಾಯಿತರು, ಅವರನ್ನ ದಾಟಿ ಹೋದ್ರೆ ಕೆಮಾಟು ಮತ್ತೆ ಅವನ ಕಡೆಯೋರು. ನಾನು ಕತ್ತಿ ಎತ್ಕೊಂಡೇ ಹೋದೆ. ಅವನು ತನ್ನೋರಿಗೆ ತಡೀರಿ ಅಂದು ಮಾತಿಗೆ ಕರೀತಾನೆ. ಆ ಹೆಂಗಸು ತಾನೆತ್ ಪಟ್ಟಣವನ್ನ ಡೊಮಿನಿಯನ್‌ಗೆ ಮಾರಿದೋಳು, ಅವಳು ಹಾಗೆ ಮಾಡದೇ ಇದ್ದಿದ್ರೆ ಯುದ್ಧದಲ್ಲಿ ನಮ್ಮೂರು ನಿಲ್ಲೋದು, ಬೇರೆ ಮನೆತನದೋರಿಗೆ ಗೊತ್ತಾಗಿದ್ದಕ್ಕೆ ಓಡಿ ಬಂದಿದಾಳೆ, ಕುದುರೆ ಲಾಯದ ಹತ್ರ ಅವಳನ್ನ ಕರ್ಕೊಂಡು ಬಾ, ಜೀವಂತ ಹಿಡ್ಕೊಂಡು ಹೋಗ್ತೀವಿ. ಅಷ್ಟೇ. ಇವರಿಬ್ಬರಲ್ಲಿ ಯಾರು ನಿಜ ಅಂತ ಗೇಮು ಎಲ್ಲೂ ಹೇಳಲ್ಲ, ಕೊನೇವರೆಗೂ ಹೇಳಲ್ಲ. ಯಾರ ಕಡೆ ನಿಂತ್ರೂ ಸಿಗೋದು ಅದೇ 500 ನಾಣ್ಯ.

ತಮ್ಮನಿಗೆ ಫೋನ್ ಮಾಡ್ದೆ, ಅವನು ಇದನ್ನೆಲ್ಲ ಅರೆದು ಕುಡಿದೋನು. "ಕೆಮಾಟುಗೆ ಒಪ್ಪಿಸ್ಬಿಡಕ್ಕಾ, ಅವಳು ಸುಳ್ಳಿ" ಅಂದ. ಅವನ ವಾದ ಏನಂದ್ರೆ, ಆ ಲೋಕದ ನಾಲ್ಕನೇ ಯುಗದ 171ರಲ್ಲಿ ಡೊಮಿನಿಯನ್ ಜೊತೆ ದೊಡ್ಡ ಯುದ್ಧ ಶುರುವಾಯ್ತು, 175ರಲ್ಲಿ ಹ್ಯಾಮರ್‌ಫೆಲ್ ಸೇರಿದ್ದ ಸಾಮ್ರಾಜ್ಯ ಸಂಧಿಗೆ ಸಹಿ ಹಾಕಿ ಹ್ಯಾಮರ್‌ಫೆಲ್‌ನ ದಕ್ಷಿಣ ಭಾಗವನ್ನ ಬಿಟ್ಟುಕೊಡ್ತು, ಹ್ಯಾಮರ್‌ಫೆಲ್‌ನೋರು ಒಪ್ಪಲಿಲ್ಲ, ಒಬ್ಬರೇ ಹೊಡೆದಾಡಿ 180ರಲ್ಲಿ ಡೊಮಿನಿಯನ್ ಸೈನ್ಯವನ್ನ ಹೊರಗೆ ಹಾಕಿದ್ರು, ಅಂಥ ನಾಡಿನ ಸಿಪಾಯಿಗಳು ಅದೇ ಡೊಮಿನಿಯನ್ ದುಡ್ಡಿಗೆ ಕೆಲಸ ಮಾಡ್ತಾರಾ? ಚೆನ್ನಾಗಿದೆ ವಾದ. ನಾನಂದೆ, ಸರಿ ಕಣೋ, ಆದ್ರೆ ಕತೆ ನಡೆಯೋದು 201ರಲ್ಲಿ. ಯುದ್ಧದ ಕೊನೇ ವರ್ಷ ಅಂತ ಹಿಡಿದ್ರೂ 21 ವರ್ಷ ಆಯ್ತು. ಊರು ಮಾರೋ ಅಷ್ಟು ಕೈ ಇದ್ದೋಳು ಅಂದ್ರೆ ಆಗ್ಲೇ ದೊಡ್ಡೋಳಾಗಿರ್ಬೇಕು, ಈಗ ಅವಳಿಗೆ ನಲವತ್ತೋ ಐವತ್ತೋ ಆಗಿರ್ಬೇಕು, ಸಾದಿಯಾ ಮುಖ ನೋಡಿದ್ರೆ ಹಾಗನ್ಸುತ್ತಾ? ಗೇಮಿನ ಮುಖ ನೋಡಿ ವಯಸ್ಸು ಹೇಳಕ್ಕಾಗಲ್ಲ ಅಂತ ಫೋನ್ ಇಟ್ಟ. ಇಡೋ ಮುಂಚೆ ಒಂದು ಮಾತು ಅಂದ, ಹೋಟ್ಲಲ್ಲಿ ಬಡಿಸೋಳ ಹತ್ರ 500 ನಾಣ್ಯ ಎಲ್ಲಿಂದ ಬಂತು ಕೇಳ್ನೋಡು.

ಇದಕ್ಕೆ ನನ್ನ ಹತ್ರ ಉತ್ತರ ಇರ್ಲಿಲ್ಲ.

ಇದೆಲ್ಲ ಆಗೋವಾಗ ದೊಡ್ಡಮ್ಮ ಅಲ್ಲೇ ಹಾಲ್‌ನಲ್ಲಿ ಕೂತಿದ್ರು. ನೆನೆಸಿದ ಅವರೆಕಾಳು ಬೇಸನ್ ತುಂಬ. ನಾಳೆ ವೈಕುಂಠ ಏಕಾದಶಿ, ಅವರಿಗೆ ಉಪವಾಸ, ಅದಕ್ಕೆ ಇವತ್ತು ರಾತ್ರಿಗೇ ಹಿದುಕಿದ ಬೇಳೆ ಸಾರು ಆಗ್ಬೇಕು. ಲ್ಯಾಪ್‌ಟಾಪನ್ನ ಟೀವಿಗೆ ಹಾಕಿದ್ನಲ್ಲ, ಕಣ್ಣು ಟೀವಿ ಮೇಲೆ, ಕೈ ಬೇಸನ್‌ನಲ್ಲಿ. ಹೆಬ್ಬೆರಳು ತೋರುಬೆರಳ ಮಧ್ಯೆ ಕಾಳು ಹಿಡಿದು ಒತ್ತಿದ್ರೆ ಬೇಳೆ ಪುಳಕ್ ಅಂತ ಪಾತ್ರೆಗೆ ಹೋಗುತ್ತೆ, ಸಿಪ್ಪೆ ಬೆರಳಲ್ಲೇ ಉಳಿಯುತ್ತೆ, ಒಂದನ್ನೂ ನೋಡಲ್ಲ ಅವರು.

"ಏನೇ ಅದು, ಆವಾಗಿಂದ ಆ ಗಡ್ಡದೋನ ಮುಂದೆ ನಿಂತ್ಕೊಂಡಿದೀಯ?"

ಕತೆ ಎಲ್ಲ ಹೇಳ್ದೆ. ಇಂಗ್ಲಿಷಲ್ಲಿ ಅವರು ಏನೇನಂದ್ರು ಅಂತ ಸಾದಿಯಾದು ಒಂದು ಸಲ, ಕೆಮಾಟುದು ಒಂದು ಸಲ. ದೊಡ್ಡಮ್ಮ ನಡುವೆ ಬಾಯಿ ಹಾಕ್ದೆ ಕೇಳಿದ್ರು. ಮುಗಿದ್ಮೇಲೆ ಮೊದಲನೇ ಪ್ರಶ್ನೆ, "ಊರನ್ನೇ ಮಾರಿದೋಳ ಹತ್ರ ದುಡ್ಡಿರ್ಬೇಕಲ್ಲೇ, ಇಲ್ಲಿ ಬಂದು ಯಾರದೋ ಎಂಜಲು ತಟ್ಟೆ ಯಾಕೆ ಎತ್ತುತಾಳೆ? ದುಡ್ಡು ಕೊಟ್ಟೋರ ಹತ್ರಾನೇ ಹೋಗಿ ಇರ್ಬೋದಿತ್ತಲ್ಲ?"

ನನಗೆ ಮೈ ಜುಮ್ ಅಂತು. ಈ ಕಡೆಯಿಂದ ನಾನು ಯೋಚನೇನೇ ಮಾಡಿರ್ಲಿಲ್ಲ. ಡೊಮಿನಿಯನ್‌ಗೆ ಒಂದು ಪಟ್ಟಣ ಬಿಟ್ಟುಕೊಟ್ಟೋಳಿಗೆ ಅವರು ಜಾಗ ಕೊಡ್ತಿರ್ಲಿಲ್ವಾ? ಅವರ ರಾಯಭಾರಿಗಳೇ ವೈಟ್‌ರನ್ ಇರೋ ಸ್ಕೈರಿಮ್ ನಾಡಲ್ಲಿ ಠಿಕಾಣಿ ಹೂಡಿ ಕೂತಿದಾರೆ, ಒಂದು ಮಾತು ಹೇಳಿ ಕಳಿಸಿದ್ರೆ ಆಗ್ತಿತ್ತು.

"ಆದ್ರೆ ದೊಡ್ಡಮ್ಮ, ನಿಜ ಹೇಳೋಳು ಚಾಕು ಯಾಕೆ ತೆಗೀತಾಳೆ?"

"ಹೆದರ್ಕೊಂಡಿರೋಳು ತೆಗೀತಾಳೆ. ಸುಳ್ಳಿಗೂ ಹೆದರಿಕೆ ಇರ್ತದೆ, ನಿಜ ಹೇಳೋಳಿಗೂ ಇರ್ತದೆ. ಅದರಲ್ಲೇನು ಗೊತ್ತಾಯ್ತದೆ."

"500 ನಾಣ್ಯ?"

"ಮೈ ಮೇಲೆ ಇದ್ದಿದ್ದು ಮಾರಿರ್ತಾಳೆ. ದೊಡ್ಡ ಮನೆಯೋಳು ಅಂತೀಯ."

ಆಮೇಲೆ ಸುಮ್ನಾಗ್ಬಿಟ್ರು, ನಾನು ಕೆಮಾಟು ಜೊತೆ ಇನ್ನೊಂದು ಸಲ ಮಾತಾಡಿ ನೋಡೋಣ ಅಂತ ಹಳೇ ಸೇವ್ ಹಾಕೋಷ್ಟರಲ್ಲಿ ಅವರೇ ಶುರು ಮಾಡಿದ್ರು. ಶಿಡ್ಲಘಟ್ಟದಲ್ಲಿ ಅವರು ನೂಲು ಬಿಚ್ಚೋ ಕೆಲಸಕ್ಕೆ ಹೋಗ್ತಿದ್ದ ಕಾಲದ್ದು. ಗೂಡು ಬೇಯಿಸಿದ ಬಿಸಿನೀರಲ್ಲಿ ಕೈ ಹಾಕಿ ಹಾಕಿ ಬೆರಳ ತುದಿ ಎಲ್ಲ ಬೆಳ್ಳಗಾಗಿ ಸುಲಿದು ಹೋಗಿರೋದು, ಆ ವಾಸನೆ ಸೀರೇಲೇ ಮನೆಗೆ ಬರೋದು, ಇದನ್ನೆಲ್ಲ ನಾವು ಚಿಕ್ಕೋರಿದ್ದಾಗ್ಲೇ ಕೇಳಿದೀವಿ. ಆ ಹೆಂಗಸಿನ ವಿಷಯ ಮಾತ್ರ ಯಾವತ್ತೂ ಕೇಳಿರ್ಲಿಲ್ಲ. ಅವರ ಪಕ್ಕದ ಬಾಣಲೇಲಿ ಕೆಲಸ ಮಾಡ್ತಿದ್ದೋಳಂತೆ. ಒಬ್ಬಳೇ ಬಂದಿದ್ಲು, ಒಂದು ಚೀಲ, ಮಗೂನೂ ಇಲ್ಲ. ಗಂಡನ ಮನೇಲಿ ಹೊಡೀತಿದ್ರು, ಮಧುಗಿರಿ ಕಡೆಯೋಳು ಅಂತ ಹೇಳ್ಕೊಂಡಿದ್ಲು. ಒಂದು ದಿನ ಇಬ್ಬರು ಗಂಡಸರು ಜೀಪಲ್ಲಿ ಬಂದು ಗೂಡಿನ ಮಾರ್ಕೆಟ್ ಹತ್ರ, ಅಂಗಡಿಗಳಲ್ಲಿ, ಆಮೇಲೆ ಇವರು ಕೆಲಸ ಮಾಡೋ ಕಡೆ, ಹಿಂಗಿಂಥ ಹೆಂಗಸು ಬಂದಿದಾಳಾ ಅಂತ ಕೇಳಿದ್ರಂತೆ. ಚೀಟಿ ದುಡ್ಡು ಎತ್ಕೊಂಡು ಓಡಿ ಬಂದಿದಾಳೆ, ಬಡವರ ದುಡ್ಡು, ಅಂದ್ರಂತೆ.

"ನೀವೇನಂದ್ರಿ?"

"ಇಲ್ಲ ಅಂದ್ವಿ. ಎಲ್ಲಾರೂ. ಯಾರೂ ಮಾತಾಡ್ಕೊಂಡಿರ್ಲಿಲ್ಲ, ಆದ್ರೂ ಎಲ್ಲಾರೂ ಇಲ್ಲ ಅಂದ್ವಿ. ಆಕೆ ಹಿಂದ್ಗಡೆ ಜುಂಗಿನ, ಆ ವೇಸ್ಟ್ ರೇಷ್ಮೆ ಮೂಟೆ ಹತ್ರ ನಿಂತಿದ್ಲು."

"ಅಂದ್ರೆ ಆಕೆ ಹೇಳಿದ್ದೇ ನಿಜ ಅಂತ ನಂಬಿದ್ರಿ."

"ಎಲ್ಲಿಂದ ನಂಬೋದು? ಮಧುಗಿರಿಯೋಳು ಅಂದ್ಲು, ದಂಡಿನ ಮಾರಮ್ಮನ ಜಾತ್ರೆ ವಿಷಯ ತೆಗೆದ್ರೆ ಬಾಯೇ ಬಿಡ್ಲಿಲ್ಲ. ಆ ಊರಲ್ಲಿ ಹುಟ್ಟಿದೋಳಿಗೆ ಮಾರಮ್ಮ ಗೊತ್ತಿರಲ್ವಾ? ಸುಳ್ಳು ಅಂತ ನಂಗೆ ಮೊದಲೇ ಗೊತ್ತಿತ್ತು."

ಗೊತ್ತಿದ್ದೂ ಇಲ್ಲ ಅಂದ್ರಾ? ನಾನು ಬಾಯಿ ಬಿಟ್ಕೊಂಡು ಕೂತೆ. ಊರು ಸುಳ್ಳು ಅಂದ್ರೆ ಹೊಡೆತಾನೂ ಸುಳ್ಳೇ ಆಗ್ಬೇಕಾ ಅಂತ ದೊಡ್ಡಮ್ಮನೇ ತಿರುಗಿಸಿ ಕೇಳಿದ್ರು. ಆಮೇಲೆ ಕುಕ್ಕರ್ ನೋಡಕ್ಕೆ ಎದ್ದು ಹೋದ್ರು, ಆಕೆ ಆಮೇಲೆ ಏನಾದ್ಲು ಅಂತ ಕೇಳಿದ್ದಕ್ಕೆ ಅಡುಗೆ ಮನೆಯಿಂದ್ಲೇ "ಇದ್ಲು, ಕೆಲಸ ಮಾಡ್ಕೊಂಡಿದ್ಲು" ಅಂದ್ರು ಅಷ್ಟೇ.

ಸಾರು ಚೆನ್ನಾಗಿತ್ತು. ಬೇಳೆ ಬೆಂದೂ ಬೇಯದ ಹಂಗೆ, ಮೇಲೆ ಹಸಿ ಕೊತ್ತಂಬರಿ, ಎರಡು ಮುದ್ದೆ ತಿಂದೆ. ನಾಳೆ ಬೆಳಗ್ಗೆ ಬೇಗ ಎದ್ದು ರಂಗಸ್ಥಳದ ದೇವಸ್ಥಾನಕ್ಕೆ ಹೋಗ್ಬೇಕಂತೆ, ಲೈನ್ ದೊಡ್ಡದಿರುತ್ತೆ, ಅವರನ್ನ ಗಾಡೀಲಿ ಕೂರಿಸ್ಕೊಂಡು ಹೋಗೋಳು ನಾನೇ. ಆಫೀಸಿನದು ಏನೂ ಬರೆಯಲ್ಲ ಇವತ್ತು.

ಊಟ ಆದ್ಮೇಲೆ ಮತ್ತೆ ಗೇಮ್ ಹಾಕಿ ವೈಟ್‌ರನ್‌ಗೆ ಹೋದೆ. ಸಾದಿಯಾ ಹೋಟ್ಲಲ್ಲೇ ಇದಾಳೆ, ಮೇಜಿಂದ ಮೇಜಿಗೆ ಓಡಾಡ್ತಿದಾಳೆ, ಏನು ಬೇಕು ಅಂತ ಕೇಳ್ತಿದಾಳೆ. ಇವಳ ಬಗ್ಗೆ ನಂಗೆ ಕಣ್ಣಾರೆ ಗೊತ್ತಿರೋದು ಇಷ್ಟೇ ಅಲ್ವಾ, ಬಡಿಸ್ತಾಳೆ, ಹೆದರ್ತಾಳೆ. ತಾನೆತ್‌ನಲ್ಲಿ ಏನು ನಡೀತೋ ಅದನ್ನ ನಾನು ನೋಡಿಲ್ಲ, ಕೆಮಾಟು ಬಾಯಿಂದ ಕೇಳಿದ್ದು, ಇವಳ ಬಾಯಿಂದ ಕೇಳಿದ್ದು. ಎರಡರಲ್ಲಿ ಯಾವುದಾದ್ರೂ ಒತ್ತು, ಹೆಂಗೂ 500 ಬರುತ್ತೆ ಅನ್ನೋರನ್ನ ಕಂಡ್ರೆ ನಂಗೆ ನಿಜವಾಗ್ಲೂ ಸಿಟ್ಟು ಬರುತ್ತೆ. ಲಾಯದ ಹತ್ರ ಕರ್ಕೊಂಡು ಹೋದ್ರೆ ಕೆಮಾಟು ಮಂತ್ರ ಹಾಕಿ ಅವಳ ಕೈಕಾಲು ಆಡದ ಹಂಗೆ ಮಾಡ್ತಾನಂತೆ, ನಿಂತಲ್ಲೇ ಬಿದ್ದು ಹೋಗ್ತಾಳಂತೆ, ತಮ್ಮ ಹೇಳಿದ. ನಮ್ಮ ಮಾತು ನಂಬಿ ಹಿಂದೆ ಬಂದಿರ್ತಾಳೆ ಆಗ. ಹಂಗಂತ ಕೆಮಾಟು ಕೆಟ್ಟೋನು ಅಂತಾನೂ ಹೇಳಕ್ಕಾಗ್ತಿಲ್ಲ, ಕತ್ತಿ ಹಿಡ್ಕೊಂಡು ಬಂದೋಳನ್ನ ಕೂರಿಸಿ ಮಾತಾಡ್ದ, ನಿಜವಾಗ್ಲೂ ಅವನೂರು ಬಿದ್ದು ಹೋಗಿ ಜನ ಸತ್ತಿದ್ರೆ ಅವನಿಗೂ ನ್ಯಾಯ ಬೇಕಲ್ಲ. ಶಿಡ್ಲಘಟ್ಟದ ಆ ಜೀಪಿನೋರದ್ದೂ ನಿಜವಾಗಿ ಬಡವರ ಚೀಟಿ ದುಡ್ಡೇ ಆಗಿದ್ರೆ? ದೊಡ್ಡಮ್ಮನಿಗೆ ಇದನ್ನ ಕೇಳೋ ಧೈರ್ಯ ಬರ್ಲಿಲ್ಲ.

ಆದ್ರೆ ಆ 500 ನಾಣ್ಯದ್ದು ಇನ್ನೂ ಕೊರೀತಿದೆ. ಒಡವೆ ಮಾರಿರ್ತಾಳೆ ಅನ್ನೋದು ಸರಿನೇ ಇರ್ಬೋದು, ಆದ್ರೆ ಮಾರಿದ್ರೆ ಯಾರಿಗೆ ಮಾರಿದ್ಲು, ವೈಟ್‌ರನ್ ಏನು ದೊಡ್ಡ ಊರಲ್ಲ, ಹೋಟ್ಲಲ್ಲಿ ಬಡಿಸೋಳು ಹ್ಯಾಮರ್‌ಫೆಲ್ ಒಡವೆ ಮಾರಕ್ಕೆ ತಂದ್ಲು ಅಂದ್ರೆ ಒಂದಲ್ಲ ಒಂದು ಅಂಗಡಿಯಿಂದ ಸುದ್ದಿ ಹೊರಗೆ ಹೋಗೇ ಹೋಗುತ್ತೆ, ಹಾಗಾದ್ರೆ ಅಲಿಕ್ರ್‌ನೋರು ಅಷ್ಟು ದೂರದಿಂದ ಸೀದಾ ಇದೇ ಊರ ಬಾಗಿಲಿಗೆ ಬಂದಿದ್ದು