ಮಾವಿನ ರಸ, ಬ್ಯಾಟರಿ ಫ್ರೀಜರ್ ಮತ್ತು ಹಾವೇರಿ ಹತ್ತಿರ ನಿಂತ ಕಾರು

ಮೇ ತಿಂಗಳು ಬಂತೆಂದರೆ ನಮ್ಮ ಮನೆಯಲ್ಲಿ ಒಂದೇ ಗಲಾಟೆ. ಧಾರವಾಡದ ಕೆಲಗೇರಿ ಕಡೆಯಿಂದ ಆಪೂಸ್ ತರಬೇಕು, ಹುಲ್ಲಿನಲ್ಲಿಟ್ಟು ಹಣ್ಣು ಮಾಡಬೇಕು, ಅವ್ವ ಕೂತು ರಸ ಹಿಂಡಬೇಕು, ಅದನ್ನು ಅರ್ಧರ್ಧ ಕೆಜಿ ಪ್ಯಾಕೆಟ್ ಮಾಡಿ ಫ್ರೀಜರಿಗೆ ತುಂಬಬೇಕು. ಅದರಲ್ಲಿ ಅರ್ಧ ಬೆಂಗಳೂರಿನ ತಂಗಿಯ ಪಾಲು. ಅವಳಿಗೆ ಶ್ರಾವಣದಲ್ಲೂ ಹೋಳಿಗೆ ಜೊತೆ ಶೀಕರಣೆ ಬೇಕು. ಅಲ್ಲಿ ಡಬ್ಬಿಯಲ್ಲಿ ಸಿಗುತ್ತದಲ್ಲ ಅಂದರೆ ಫೋನ್ ಇಟ್ಟುಬಿಡುತ್ತಾಳೆ.

ಹುಬ್ಬಳ್ಳಿಯಿಂದ ಬೆಂಗಳೂರಿಗೆ 400 ಕಿಲೋಮೀಟರಿಗೂ ಜಾಸ್ತಿ. ಊಟ, ಚಹಾ ಎಲ್ಲ ಸೇರಿ ಎಂಟು ತಾಸು. ಮೊದಲ ವರ್ಷ ಥರ್ಮಾಕೋಲ್ ಡಬ್ಬಿಗೆ ಐಸ್ ಹಾಕಿ ಒಯ್ದೆ. ಚಿತ್ರದುರ್ಗ ದಾಟುವಷ್ಟರಲ್ಲಿ ಐಸ್ ನೀರಾಗಿ, ಒಂದು ಪ್ಯಾಕೆಟ್ ಒಡೆದು, ಡಿಕ್ಕಿಯೆಲ್ಲ ಅಂಟು. ಮರುವರ್ಷ ಅಗ್ಗಕ್ಕೆ ಸಿಕ್ಕಿತೆಂದು ಕಾರಿಗೆ ಚುಚ್ಚುವ ಒಂದು ಕೂಲರ್ ಡಬ್ಬಿ ತಂದೆ. ಅದರಲ್ಲಿ ಕಂಪ್ರೆಸರ್ ಇರಲಿಲ್ಲ, ಪೆಲ್ಟಿಯರ್ ಅನ್ನುವ ಸಣ್ಣ ಬಿಲ್ಲೆ ಇತ್ತು. ಕರೆಂಟ್ ಹರಿದರೆ ಬಿಲ್ಲೆಯ ಒಂದು ಮೈ ತಣ್ಣಗೆ, ಇನ್ನೊಂದು ಮೈ ಬಿಸಿ. ಅಂಥ ಡಬ್ಬಿ ಹೊರಗಿನ ಬಿಸಿಲಿಗಿಂತ ಹೆಚ್ಚೆಂದರೆ 20 ಡಿಗ್ರಿಯಷ್ಟು ಕೆಳಗೆ ಹೋಗುತ್ತದೆ, ಅಷ್ಟೇ. ಕಾರಿನೊಳಗೆ 40 ಇದ್ದರೆ ಡಬ್ಬಿಯೊಳಗೆ 20. ನೀರಿನ ಬಾಟಲಿಗೆ ಓಕೆ, ಗಟ್ಟಿ ಮಾಡಿದ ರಸಕ್ಕೆ ಏನೂ ಉಪಯೋಗವಿಲ್ಲ. ಜಾಹೀರಾತಿನಲ್ಲಿ ಇದನ್ನೂ ಕಂಪ್ರೆಸರ್ ಇರುವ ಡಬ್ಬಿಯನ್ನೂ ಮಿನಿ ಫ್ರಿಜ್ ಅಂತಲೇ ಕರೆಯುತ್ತಾರೆ. ನೀವು ಕೊಳ್ಳುವಾಗ ಕೇಳಬೇಕಾದ ಮೊದಲ ಮಾತು ಇದೇ: ಒಳಗೆ ಕಂಪ್ರೆಸರ್ ಇದೆಯೋ ಇಲ್ಲವೋ?

ಮೂರನೇ ಸಲ ಬುದ್ಧಿ ಬಂತು, ಕಾರಿನ ಬ್ಯಾಟರಿ ಮೇಲೆ ಓಡುವ 30 ಲೀಟರಿನ ಕಂಪ್ರೆಸರ್ ಫ್ರೀಜರ್ ಕೊಂಡೆ.

ಒಳಗೆ ನಡೆಯುವುದು ಮನೆಯ ಫ್ರಿಜ್‌ನಲ್ಲಿ ನಡೆಯುವುದೇ. ಕೈಗೆ ಸ್ಯಾನಿಟೈಜರ್ ಹಾಕಿಕೊಂಡರೆ ಆರುವಾಗ ತಣ್ಣಗಾಗುತ್ತದೆ ಅಲ್ವಾ? ದ್ರವ ಆವಿಯಾಗುವಾಗ ಪಕ್ಕದ ಬಿಸಿಯನ್ನು ಎಳೆದುಕೊಳ್ಳುತ್ತದೆ. ಇಲ್ಲೂ ಹಾಗೇ. ಡಬ್ಬಿಯ ಗೋಡೆಯೊಳಗಿನ ಕೊಳವೆಯಲ್ಲಿ ದ್ರವರೂಪದ ಗ್ಯಾಸ್ ಆವಿಯಾಗಿ ಒಳಗಿನ ಬಿಸಿ ಹೀರುತ್ತದೆ. ಕಂಪ್ರೆಸರ್ ಅದನ್ನು ಒತ್ತಿ ಬಿಸಿ ಮಾಡುತ್ತದೆ, ಪಕ್ಕದ ಫ್ಯಾನ್ ಆ ಬಿಸಿಯನ್ನು ಹೊರಗೆ ಊದುತ್ತದೆ, ಗ್ಯಾಸ್ ಮತ್ತೆ ದ್ರವವಾಗಿ ಸುತ್ತು ಹೊಡೆಯುತ್ತದೆ. ಮನೆ ಫ್ರಿಜ್‌ಗೂ ಇದಕ್ಕೂ ಇರುವ ವ್ಯತ್ಯಾಸ ಮೋಟಾರಿನಲ್ಲಿ. ಇದು 12 ಅಥವಾ 24 ವೋಲ್ಟಿಗೆ ನೇರವಾಗಿ ಓಡುತ್ತದೆ, ಬೇಕಾದಂತೆ ವೇಗ ಹೆಚ್ಚುಕಡಿಮೆ ಮಾಡಿಕೊಳ್ಳುತ್ತದೆ, ಶುರುವಾಗುವಾಗ ಬ್ಯಾಟರಿಯನ್ನು ಒಮ್ಮೆಲೇ ಜಗ್ಗುವುದಿಲ್ಲ. ಹಾಗಾಗಿ ನಡುವೆ ಇನ್ವರ್ಟರ್ ಬೇಡ. ಕೆಲವರು ಕಾರಿನ 12 ವೋಲ್ಟನ್ನು ಇನ್ವರ್ಟರಿನಿಂದ 230 ಮಾಡಿ, ಫ್ರೀಜರಿನ ಅಡಾಪ್ಟರಿನಿಂದ ಮತ್ತೆ 12 ಮಾಡುತ್ತಾರೆ. ಎರಡೂ ಕಡೆ ಸುಮ್ನೆ ಕರೆಂಟ್ ದಂಡ.

ಬಾಗಿಲು ಮೇಲ್ಗಡೆ ಇರುವುದಕ್ಕೂ ಕಾರಣ ಇದೆ. ತಣ್ಣನೆ ಗಾಳಿ ಭಾರ, ಬಾವಿಯ ನೀರಿನ ಹಾಗೆ ಕೆಳಗೇ ನಿಲ್ಲುತ್ತದೆ. ಮುಚ್ಚಳ ತೆಗೆದರೂ ಒಮ್ಮೆಲೇ ಹೊರಗೆ ಸುರಿದುಹೋಗುವುದಿಲ್ಲ.

ಈಗ ಹಾವೇರಿ ಕಥೆ. ಆ ಸಲ ಅವ್ವ ಹೊರಡುವ ಹಿಂದಿನ ರಾತ್ರಿ ರಸ ಹಿಂಡಿದ್ದಳು. ಮನೆ ಫ್ರೀಜರಿನಲ್ಲಿ ಜಾಗ ಇಲ್ಲ, ಹೊಸ ಫ್ರೀಜರ್ ಇದೆಯಲ್ಲ, ದಾರಿಯಲ್ಲೇ ಗಟ್ಟಿಯಾಗುತ್ತದೆ ಬಿಡು ಅಂದುಕೊಂಡು ಬೆಳಿಗ್ಗೆ ಹತ್ತು ಕೆಜಿ ರಸವನ್ನು ಹಾಗೇ ಹಾಕಿ, ಮೈನಸ್ 18ಕ್ಕೆ ಇಟ್ಟು ಹೊರಟೆ. ಹಾವೇರಿ ಹತ್ತಿರ ಧಾಬಾದಲ್ಲಿ ನಾಷ್ಟಾಕ್ಕೆ ನಿಲ್ಲಿಸಿದೆವು. ಪರಿಚಯದವರು ಸಿಕ್ಕರು, ಮಾತು ಬೆಳೆಯಿತು, ಎರಡು ತಾಸಾಯಿತು. ಬಂದು ಕೀ ತಿರುಗಿಸಿದರೆ ಟಕ್ ಟಕ್, ಅಷ್ಟೇ. ಪಕ್ಕದಲ್ಲಿದ್ದ ಲಾರಿ ಡ್ರೈವರ್ ಬಂದು ಡಿಕ್ಕಿ ನೋಡಿ, "ನಿಮ್ಮ ಡಬ್ಬಿ ಬ್ಯಾಟರಿನೆಲ್ಲ ಹೀರಿ ಹಾಕೇತಲ್ರಿ ಸರ" ಎಂದ. ಲಾರಿಯಿಂದ ವೈರ್ ಕೊಡ್ರಿ ಎಂದು ಕೇಳಿದೆ. "ನಮ್ದು 24 ವೋಲ್ಟ್ ಐತ್ರಿ, ಕೊಟ್ರ ನಿಮ್ಮ ಗಾಡಿ ಸುಡತೈತಿ" ಎಂದು ನಕ್ಕ. ಕೊನೆಗೆ ನಾಲ್ಕು ಜನ ತಳ್ಳಿ ಸೆಕೆಂಡ್ ಗೇರಿನಲ್ಲಿ ಸ್ಟಾರ್ಟ್ ಮಾಡಿದೆವು. ಹಿಂದಿನ ಸೀಟಿನಿಂದ ಅವ್ವ ಏನೂ ಅನ್ನಲಿಲ್ಲ. ಅಂದಿದ್ದರೇ ಚೆನ್ನಾಗಿತ್ತು.

ಮನೆಗೆ ಬಂದು ಲೆಕ್ಕ ಹಾಕಿದೆ. ಹತ್ತು ಕೆಜಿ ರಸವನ್ನು 30 ಡಿಗ್ರಿಯಿಂದ ಕಲ್ಲಿನಂತೆ ಗಟ್ಟಿ ಮಾಡಲು ಹೆಚ್ಚುಕಡಿಮೆ 1 ಯೂನಿಟ್ ಕರೆಂಟ್ ಬೇಕು, ಅಂದರೆ 1000 ವ್ಯಾಟ್-ಅವರ್. ನನ್ನ ಫ್ರೀಜರ್ ಓಡುವಾಗ ಎಳೆಯುವುದು 50 ವ್ಯಾಟ್. ನಿಲ್ಲದೆ ಓಡಿದರೂ 20 ತಾಸಿನ ಕೆಲಸ. ಕಾರಿನ ಬ್ಯಾಟರಿಯೋ 45 ಆಂಪಿಯರ್-ಅವರ್, 12ರಿಂದ ಗುಣಿಸಿದರೆ 540 ವ್ಯಾಟ್-ಅವರ್. ಅದರಲ್ಲಿ ಅರ್ಧಕ್ಕಿಂತ ಜಾಸ್ತಿ ತೆಗೆದರೆ ಲೆಡ್ ಬ್ಯಾಟರಿ ಹಾಳಾಗುತ್ತದೆ, ಗಾಡಿಯೂ ಸ್ಟಾರ್ಟ್ ಆಗದಿರಬಹುದು. ನಮ್ಮದು ಹಳೇ ಬ್ಯಾಟರಿ ಬೇರೆ. ಅದೇ ರಸ ಮೊದಲೇ ಗಟ್ಟಿಯಾಗಿದ್ದರೆ? ಹೊರಗಿನಿಂದ ನುಸುಳುವ ಬಿಸಿಯನ್ನಷ್ಟೇ ಓಡಿಸಬೇಕು. ಆಗ ಕಂಪ್ರೆಸರ್ ಅರ್ಧ ಹೊತ್ತು ಓಡಿ ಅರ್ಧ ಹೊತ್ತು ಸುಮ್ಮನಿರುತ್ತದೆ, ತಾಸಿಗೆ 25 ವ್ಯಾಟ್-ಅವರ್ ಸಾಕು. ಬ್ಯಾಟರಿ ಮೇಲೆ ಓಡುವಾಗ ಇದನ್ನು ತಂಪು ಕಾಯುವ ಡಬ್ಬಿ ಅನ್ನಿ, ತಂಪು ಹುಟ್ಟಿಸುವ ಕೆಲಸವನ್ನು ಮನೆ ಕರೆಂಟಿಗೆ ಬಿಡಿ.

ಈಗ ನಾನು ಮಾಡುವುದು ಹೀಗೆ. ಹೊರಡುವ ಎರಡು ದಿನ ಮೊದಲೇ ರಸ ಮನೆ ಫ್ರೀಜರಿನಲ್ಲಿ ಗಟ್ಟಿಯಾಗಿರಬೇಕು. ಅದರಲ್ಲಿ ಸಕ್ಕರೆ ಅಂಶ ಇರುವುದರಿಂದ ನೀರಿನಂತೆ ಸೊನ್ನೆಗೇ ಗಟ್ಟಿಯಾಗುವುದಿಲ್ಲ, ಮೈನಸ್ 3ಕ್ಕೂ ಅದು ಗಂಜಿಯ ಹಾಗೇ ಇರುತ್ತದೆ, ಅದಕ್ಕೇ ಎರಡು ದಿನ. ಹಿಂದಿನ ರಾತ್ರಿ ಡಬ್ಬಿಯನ್ನು ಮನೆಯ ಪ್ಲಗ್ಗಿಗೆ ಹಾಕಿ ಖಾಲಿಯೇ ತಣ್ಣಗೆ ಮಾಡುತ್ತೇನೆ. ಬೆಳಿಗ್ಗೆ ತುಂಬಿದ ಮೇಲೆ ಸಂದುಗಳಲ್ಲಿ ಐಸ್ ಬಾಟಲಿ ತುರುಕುತ್ತೇನೆ. ಬಾಟಲಿಯ ನೀರಿಗೆ ಎರಡು ಹಿಡಿ ಉಪ್ಪು ಹಾಕಿರುತ್ತೇನೆ. ಕುಲ್ಫಿಯವರು ಐಸಿಗೆ ಉಪ್ಪು ಹಾಕುತ್ತಾರಲ್ಲ, ಅದೇ ಲೆಕ್ಕ. ಉಪ್ಪು ನೀರಿನ ಐಸ್ ಸೊನ್ನೆಗಿಂತ ಕೆಳಗೇ ಕರಗುತ್ತದೆ, ರಸವನ್ನು ಗಟ್ಟಿಯಾಗಿ ಹಿಡಿದಿಡುತ್ತದೆ. ಬಾಟಲಿ ಪೂರ್ತಿ ತುಂಬಬೇಡಿ, ಐಸ್ ಹಿಗ್ಗಿ ಒಡೆಯುತ್ತದೆ.

ಇನ್ನು ಬ್ಯಾಟರಿ ಪ್ರೊಟೆಕ್ಷನ್ ಸೆಟ್ಟಿಂಗ್. ಹೆಚ್ಚಿನ ಫ್ರೀಜರಿನಲ್ಲಿ ಲೋ, ಮೀಡಿಯಂ, ಹೈ ಅಂತ ಇರುತ್ತದೆ. ನಾನು ಲೋ ಅಂದರೆ ಕಡಿಮೆ ಕರೆಂಟ್ ಎಳೆಯುತ್ತದೆ ಅಂದುಕೊಂಡಿದ್ದೆ. ಅಲ್ಲ. ಲೋ ಅಂದರೆ ಬ್ಯಾಟರಿ ತೀರಾ ಇಳಿಯುವ ತನಕ ಎಳೆಯುತ್ತಲೇ ಇರು ಅಂತ. ಕಾರಿನ ಬ್ಯಾಟರಿಗೆ ಹಚ್ಚಿದ್ದರೆ ಹೈ ಇಡಿ, ವೋಲ್ಟೇಜ್ ಸ್ವಲ್ಪ ಬಿದ್ದ ಕೂಡಲೇ ಫ್ರೀಜರ್ ತಾನೇ ಬಂದ್ ಆಗುತ್ತದೆ. ಲೋ ಇರುವುದು ಗಾಡಿ ಸ್ಟಾರ್ಟ್ ಮಾಡಲು ಬಳಸದ, ಫ್ರೀಜರಿಗೆಂದೇ ಇಟ್ಟ ಬೇರೆ ಬ್ಯಾಟರಿಗೆ. ಸಪೂರ ವೈರು, ಸಡಿಲ ಸಾಕೆಟ್ ಇದ್ದರೂ ವೋಲ್ಟೇಜ್ ಬಿದ್ದಂತೆ ಕಂಡು ಪದೇಪದೇ ಬಂದ್ ಆಗುತ್ತದೆ. ಆಗ ಫ್ರೀಜರಿಗೆ ಬೈಯುವ ಮೊದಲು ಪಿನ್ ಒರೆಸಿ ನೋಡಿ.

ಫ್ಯಾನ್ ಇರುವ ಬದಿಗೆ ಚೀಲ, ಚಾದರ ಒತ್ತಬೇಡಿ, ಅಲ್ಲಿಂದಲೇ ಬಿಸಿ ಹೊರಬರಬೇಕು. ಡಬ್ಬಿ ಅಡ್ಡ ಮಲಗಿಸಿ ಸಾಗಿಸಿದ್ದರೆ ನೆಟ್ಟಗೆ ನಿಲ್ಲಿಸಿ ಕೆಲವು ತಾಸು ಬಿಟ್ಟು ಚಾಲೂ ಮಾಡಿ, ಕಂಪ್ರೆಸರಿನ ಎಣ್ಣೆ ವಾಪಸ್ ಇಳಿಯಬೇಕು. ಒಳಗೇ ಲಿಥಿಯಂ ಬ್ಯಾಟರಿ ಇರುವ ಮಾಡೆಲ್ಲಾದರೆ ಬಿಸಿಲಿನಲ್ಲಿ ಗ್ಲಾಸ್ ಏರಿಸಿದ ಕಾರಿನೊಳಗೆ ಬಿಟ್ಟು ಹೋಗಬೇಡಿ.

ಅವ್ವನ ಇನ್ಸುಲಿನ್ ಮಾತ್ರ ಇದರಲ್ಲಿ ಇಡುವುದಿಲ್ಲ. ಅದಕ್ಕೆ 2ರಿಂದ 8 ಡಿಗ್ರಿ ಬೇಕು, ಒಮ್ಮೆ ಗಟ್ಟಿಯಾದರೆ ಎಸೆಯಬೇಕು. ಅದು ಬೇರೆ ಫ್ಲಾಸ್ಕಿನಲ್ಲಿ ಅವಳ ಕೈಚೀಲದಲ್ಲೇ ಇರುತ್ತದೆ.

ಈ ವರ್ಷ ತಂಗಿಯ ಮನೆ ಮುಟ್ಟಿದಾಗ ಪ್ಯಾಕೆಟ್‌ಗಳು ಇಟ್ಟಿಗೆಯ ಹಾಗೆ ಟಣ್ ಅನ್ನುತ್ತಿದ್ದವು. ಬಂದ ಮೇಲೆ ಪಕ್ಕದ ಮನೆಯವರು ಕಾರವಾರದಿಂದ ಮೀನು ತರುತ್ತೇವೆಂದು ಫ್ರೀಜರ್ ಒಯ್ದರು. ವಾಪಸ್ ಬಂದದ್ದನ್ನು ಅಡಿಗೆ ಸೋಡಾ ಹಾಕಿ ಎರಡು ಸಲ ತೊಳೆದು, ಮುಚ್ಚಳ ತೆರೆದು ಮಾಳಿಗೆ ಮೇಲೆ ನೆರಳಿನಲ್ಲಿ ಇಟ್ಟಿದ್ದೇನೆ. ಅವ್ವ ದಿನಾ ಹೋಗಿ ಮೂಸಿ ನೋಡಿ, "ಇನ್ನೂ ಐತಿ" ಎಂದು ಇಳಿದು ಬರುತ್ತಾಳೆ.