ಲಕೋಟೆ ಎಲ್ಲೈತಿ ತಮ್ಮಾ?

ಬೆಳಗಾವಿಯಲ್ಲಿ ಹಿರಿಯ ವಕೀಲರೊಬ್ಬರ ಹತ್ರ ಜೂನಿಯರ್ ಆಗಿ ಸೇರಿ ಎರಡನೇ ವರ್ಷ. ಪವರ್‌ಲೂಮ್ ಇಟ್ಟುಕೊಂಡಿದ್ದ ಒಬ್ಬರು ಪ್ಲಾಸ್ಟಿಕ್ ಚೀಲದಲ್ಲಿ ಕಾಗದ ತುಂಬಿಕೊಂಡು ಬಂದರು. ಮಗ್ಗದ ಮೇಲೆ ಒಂದು ಮಹಡಿ ಎಬ್ಬಿಸಿದ್ದರು, ಪ್ಲಾನ್‌ನಲ್ಲಿ ಬಿಡಬೇಕಿದ್ದ ಜಾಗ ಬಿಟ್ಟಿರಲಿಲ್ಲ. "ಸರ, ನಾಳೆನ ಬಂದು ಒಡದ ಬಿಡ್ತಾರೇನ್ರಿ?" ಅಂದರು.

ನಾನು ಎಲ್ಲಕ್ಕಿಂತ ಮೇಲಿದ್ದ ಕಾಗದ, ಅಂದ್ರೆ ಒಡೀಬೇಕು ಅನ್ನೋ ಪಾಲಿಕೆ ಆದೇಶ, ಅದನ್ನ ಮಾತ್ರ ನೋಡಿದೆ. ಅವತ್ತೇ ರಾತ್ರಿ ಕೂತು ರಿಟ್ ಅರ್ಜಿ, ಅಂದ್ರೆ ನೇರ ಹೈಕೋರ್ಟಿಗೆ ಹಾಕೋ ಅರ್ಜಿ, ಟೈಪ್ ಮಾಡಿ ಹೈಕೋರ್ಟಿನ ಧಾರವಾಡ ಪೀಠಕ್ಕೆ ಹಾಕಿಸಿದೆ. (ಇದೇ ಕೇಸು ವಿಜಯಪುರದ್ದಾಗಿದ್ರೆ ಕಲಬುರಗಿ ಪೀಠಕ್ಕೆ ಹೋಗಬೇಕಿತ್ತು. ಇದೂ ಎಷ್ಟೋ ಜನಕ್ಕೆ ಗೊತ್ತಿರಲ್ಲ.) ಮೊದಲ ದಿನವೇ ನ್ಯಾಯಮೂರ್ತಿಗಳು ಕೇಳಿದ್ದು ಒಂದೇ ಮಾತು: ಮೇಲ್ಮನವಿಗೆ ಟ್ರಿಬ್ಯೂನಲ್ ಇದೆಯಲ್ಲ, ಅಲ್ಲಿಗೆ ಯಾಕೆ ಹೋಗಲಿಲ್ಲ? ಅರ್ಜಿ ವಾಪಸ್ ತಗೊಂಡೆವು. ಆ ಟ್ರಿಬ್ಯೂನಲ್, ಅಂದ್ರೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿ, ಅದರ ಪೀಠ ಬೆಳಗಾವಿಯಲ್ಲೇ ಇದೆ. ಕಂಕುಳಲ್ಲಿ ಕೂಸು ಇಟ್ಟುಕೊಂಡು ಊರೆಲ್ಲ ಹುಡುಕಿದ ಹಾಗಾಯ್ತು.

ಆಗ ನಮ್ಮ ಸಾಹೇಬರು ಚೀಲ ತಗೊಂಡು ಕಾಗದಗಳನ್ನ ತಾರೀಖಿನ ಪ್ರಕಾರ ಜೋಡಿಸಿದರು. 1976ರ ಪಾಲಿಕೆ ಕಾಯ್ದೆಯ 321ನೇ ಕಲಮಿನಲ್ಲಿ ಮೊದಲು ಬರೋದು ತಾತ್ಕಾಲಿಕ ಆದೇಶ, ಅದರ ಜೊತೆ ಕಾರಣ ಕೇಳೋ ನೋಟಿಸ್. ಉತ್ತರ ಕೊಡದಿದ್ರೆ, ಅಥವಾ ಕೊಟ್ಟ ಉತ್ತರ ಒಪ್ಪಿಗೆಯಾಗದಿದ್ರೆ, 321(3)ರ ಖಾಯಂ ಆದೇಶ. 443ಎ ಕೆಳಗೆ ಟ್ರಿಬ್ಯೂನಲ್‌ಗೆ ಮೇಲ್ಮನವಿ ಹೋಗೋದು ಈ ಖಾಯಂ ಆದೇಶದ ಮೇಲೆ. ನಮ್ಮ ಕಕ್ಷಿದಾರರು ಮೊದಲ ನೋಟಿಸಿಗೆ ಬರೆದು ಉತ್ತರವನ್ನೇ ಕೊಟ್ಟಿರಲಿಲ್ಲ. ಆಫೀಸಿಗೆ ನಾಲ್ಕು ಸಲ ಹೋಗಿ ಬಾಯಲ್ಲಿ ಹೇಳಿ ಬಂದಿದ್ದರು, ಅಷ್ಟೇ. ಬಾಯಿಮಾತಿಗೆ ಸ್ವೀಕೃತಿ ಸೀಲು ಯಾರು ಹಾಕ್ತಾರೆ?

"ಲಕೋಟೆ ಎಲ್ಲೈತಿ ತಮ್ಮಾ?" ಅಂತ ಸಾಹೇಬರು ನನ್ನನ್ನ ಕೇಳಿದರು. ಕಕ್ಷಿದಾರರು ಅದನ್ನ ಬಿಸಾಡಿದ್ದರು. ಆದೇಶದ ಮೇಲಿನ ತಾರೀಖು ಒಂದು, ಅದು ಕೈಗೆ ಬಂದ ದಿನ ಇನ್ನೊಂದು. ಇವರ ಕೈಗೆ ಅದು ತಡವಾಗಿ ಬಂದಿತ್ತು, ಆದರೆ ಹಾಗಂತ ತೋರಿಸೋಕೆ ಅಂಚೆ ಮುದ್ರೆಯ ಆ ಲಕೋಟೆಯೇ ಇಲ್ಲ. ಅಂಚೆ ಕಚೇರಿಗೆ ಅರ್ಜಿ ಕೊಟ್ಟು ಬಟವಾಡೆ ತಾರೀಖು ಬರೆಸಿಕೊಂಡು ಬರೋಕೆ ಒಂದು ವಾರ ಓಡಾಡಿದೆ. ಮೇಲ್ಮನವಿ ಹಾಕೋಕೆ ಆದ ತಡವನ್ನ ಮನ್ನಿಸಿ ಅಂತ ಬೇರೆ ಅರ್ಜಿ, ಅದರಲ್ಲಿ ಧಾರವಾಡಕ್ಕೆ ಹೋಗಿ ಕಳೆದ ದಿನಗಳ ಲೆಕ್ಕವನ್ನೂ ನಾನೇ ಬರೆಯಬೇಕಾಯಿತು. ನಾಚಿಕೆ ಆಗಿತ್ತು ನಿಜವಾಗಿ.

ಈಗ 13 ನವೆಂಬರ್ 2024ರ ಸುಪ್ರೀಂ ಕೋರ್ಟ್ ತೀರ್ಪು ಬಂದಿದೆ. ನೋಟಿಸನ್ನ ರಿಜಿಸ್ಟರ್ಡ್ ಅಂಚೆಯಲ್ಲೇ ಕಳಿಸಬೇಕು, ಕಟ್ಟಡಕ್ಕೂ ಅಂಟಿಸಬೇಕು, ಉತ್ತರಕ್ಕೆ ಕನಿಷ್ಠ 15 ದಿನ ಕೊಡಬೇಕು. ಒಡೆಯೋ ಆದೇಶ ಆದ ಮೇಲೂ 15 ದಿನ ಕಾಯಬೇಕು. ರಸ್ತೆ, ಫುಟ್‌ಪಾತ್ ಮೇಲೆ ಕಟ್ಟಿಕೊಂಡವರಿಗೆ ಈ ರಕ್ಷಣೆ ಇಲ್ಲ. ಜನ ಇದನ್ನ ಹಿಡ್ಕೊಂಡು "ಇನ್ನು ಒಡೆಯೋ ಹಾಗೇ ಇಲ್ಲ" ಅಂತಾರೆ, ಅದು ಸುಳ್ಳು. ಸಿಗೋದು ಟೈಮು. ಪ್ಲಾನ್ ಮೀರಿ ಕಟ್ಟಿದ್ದು ಮೀರಿದ್ದೇ.

ನಮ್ಮ ಕಕ್ಷಿದಾರರಿಗೆ ತಡೆಯಾಜ್ಞೆ ಸಿಕ್ಕಿತು. ಮುಂದಕ್ಕೆ ಚಾಚಿದ್ದ ಬಾಲ್ಕನಿಯನ್ನ ಅವರೇ ಗೌಂಡಿ ಕರೆಸಿ ತೆಗೆಸಿದರು, ಉಳಿದ ಭಾಗದ ವಾದ ನಡೀತಿದೆ. ಈಗ ಯಾರೇ ನೋಟಿಸ್ ತಂದರೂ ನಾನು ಮೊದಲು ಕೇಳೋದು ಲಕೋಟೆ. ಆಮೇಲೆ ಒಳಗಿನ ಕಾಗದ.