ಸಿಕ್ಕ ಜಾಮೀನು ರದ್ದಾಗಬೇಕಾದರೆ

ಕೊಲೆ, ಕೊಲೆ ಯತ್ನ, ಅತ್ಯಾಚಾರದಂಥ ಕೇಸಿನಲ್ಲಿ ಆರೋಪಿ ಜೈಲಿನಿಂದ ಹೊರಬಂದನೆಂದರೆ ಫಿರ್ಯಾದಿ ಮನೆಯವರ ಪ್ರಶ್ನೆ ಒಂದೇ: ‘ಅವನ ಜಮಾನತ್ ರದ್ದು ಮಾಡಸ್ಲಾಕ ಬರ್ತದೇನ್ರಿ?’ ಬರುತ್ತದೆ. ಆದರೆ ಅರ್ಜಿ ಬರೆಯುವ ಮೊದಲೇ ಒಂದು ವಿಷಯ ತೀರ್ಮಾನವಾಗಬೇಕು. ತಪ್ಪಾಗಿರುವುದು ಜಾಮೀನು ಕೊಟ್ಟ ಆದೇಶದಲ್ಲೋ, ಜಾಮೀನು ಸಿಕ್ಕ ಮೇಲೆ ಆರೋಪಿ ನಡೆದುಕೊಂಡ ರೀತಿಯಲ್ಲೋ? ಇವೆರಡಕ್ಕೂ ದಾರಿ ಬೇರೆ, ಬೇಕಾದ ಪುರಾವೆ ಬೇರೆ, ಎಷ್ಟೋ ಸಲ ಕೋರ್ಟೂ ಬೇರೆ. ‘ಆರೋಪ ಗಂಭೀರ, ಆರೋಪಿ ಪ್ರಭಾವಿ, ಬೆದರಿಕೆಯನ್ನೂ ಹಾಕಿದ್ದಾನೆ’ ಎಂದು ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ಕಲಸಿ ಹಾಕಿದರೆ ಎರಡೂ ಕೆಡುತ್ತವೆ.

ಮೊದಲು ಆದೇಶದ ತಪ್ಪು. ಇಲ್ಲಿ ಆರೋಪಿ ಹೊರಬಂದು ಏನೂ ಮಾಡಿರಬೇಕಿಲ್ಲ. ಆರೋಪದ ಸ್ವರೂಪ, ಮೇಲ್ನೋಟಕ್ಕೆ ಕಾಣುವ ಪುರಾವೆ, ಶಿಕ್ಷೆಯ ತೀವ್ರತೆ, ತಲೆಮರೆಸಿಕೊಳ್ಳುವ ಅಥವಾ ಸಾಕ್ಷಿಗಳ ಮೇಲೆ ಒತ್ತಡ ತರುವ ಸಾಧ್ಯತೆ, ಹಿಂದಿನ ಕೇಸುಗಳು, ಇವನ್ನು ನೋಡದೆಯೇ ಜಾಮೀನು ಕೊಟ್ಟಿದ್ದರೆ ಮೇಲಿನ ಕೋರ್ಟು ಆ ಆದೇಶವನ್ನೇ ತಳ್ಳಿಹಾಕಬಹುದು. ಅಸಮರ್ಥನೀಯ, ಕಾನೂನುಬಾಹಿರ ಅಥವಾ ವಿವೇಚನೆಯಿಲ್ಲದ ಆದೇಶವನ್ನು ರದ್ದುಪಡಿಸುವುದು ಬೇರೆ, ದುರ್ವರ್ತನೆಗಾಗಿ ಜಾಮೀನು ಕಸಿದುಕೊಳ್ಳುವುದು ಬೇರೆ ಎಂದು ಸುಪ್ರೀಂ ಕೋರ್ಟು 2001ರಲ್ಲೇ, ಪುರಾಣ್ ವಿರುದ್ಧ ರಾಮ್‌ಬಿಲಾಸ್ ಪ್ರಕರಣದಲ್ಲಿ ಹೇಳಿದೆ. ‘ಮೇಲಿನ ಕೋರ್ಟು’ ಎಂಬುದು ಇಲ್ಲಿ ಮುಖ್ಯ. ಜಾಮೀನು ಕೊಟ್ಟವರು ಬೀದರ್ ಅಥವಾ ಯಾದಗಿರಿಯ ಸೆಷನ್ಸ್ ನ್ಯಾಯಾಧೀಶರಾದರೆ ಹೋಗಬೇಕಾದದ್ದು ಹೈಕೋರ್ಟಿನ ಕಲಬುರಗಿ ಪೀಠಕ್ಕೆ. ಕೊಟ್ಟದ್ದು ಅದೇ ಪೀಠವಾದರೆ ಸುಪ್ರೀಂ ಕೋರ್ಟಿಗೆ. ತನ್ನದೇ ಜಾಮೀನು ಆದೇಶ ತಪ್ಪಿತ್ತೆಂದು ಹೈಕೋರ್ಟು ತಾನೇ ಮರುಪರಿಶೀಲಿಸುವಂತಿಲ್ಲ. ಅಬ್ದುಲ್ ಬಾಸಿತ್ ಪ್ರಕರಣದಲ್ಲಿ (2014) ಇದು ಸ್ಪಷ್ಟವಾಗಿದೆ.

ಕನ್ನಡಿಗರೆಲ್ಲ ಟಿವಿಯಲ್ಲಿ ನೋಡಿದ ಉದಾಹರಣೆ ರೇಣುಕಸ್ವಾಮಿ ಕೊಲೆ ಪ್ರಕರಣ. ನಟ ದರ್ಶನ್ ಸೇರಿ ಏಳು ಆರೋಪಿಗಳಿಗೆ ಹೈಕೋರ್ಟು 2024ರ ಡಿಸೆಂಬರ್ 13ರಂದು ಜಾಮೀನು ಕೊಟ್ಟಿತು. ರಾಜ್ಯ ಸರ್ಕಾರ ಮೇಲ್ಮನವಿ ಹೋಯಿತು, 2025ರ ಆಗಸ್ಟ್ 14ರಂದು ಸುಪ್ರೀಂ ಕೋರ್ಟು ಆ ಆದೇಶವನ್ನು ಬದಿಗೆ ಸರಿಸಿತು. ಇದರರ್ಥ ಆರೋಪ ಸಾಬೀತಾಯಿತು ಎಂದಲ್ಲ. ಇದನ್ನು ಮರೆತು ಚರ್ಚಿಸಿದ ಚಾನೆಲ್‌ಗಳೇ ಹೆಚ್ಚು.

ಇನ್ನು ಎರಡನೆಯದು, ಆರೋಪಿಯ ನಡತೆ. ಇಲ್ಲಿ ಕೋರ್ಟು ಬಿಗಿ. ಜಾಮೀನು ನಿರಾಕರಿಸುವುದಕ್ಕೂ ಕೊಟ್ಟದ್ದನ್ನು ಕಸಿಯುವುದಕ್ಕೂ ವ್ಯತ್ಯಾಸವಿದೆ, ಕಸಿಯಲು ಬಹಳ ಬಲವಾದ ಸಂದರ್ಭಗಳು ಬೇಕು ಎಂಬ ದೌಲತ್ ರಾಮ್ ತೀರ್ಪನ್ನು (1995) ಆರೋಪಿ ಪರ ವಕೀಲರು ಮೊದಲು ಓದಿಯೇ ಓದುತ್ತಾರೆ. ಸಾಕ್ಷಿಗೆ ಬೆದರಿಕೆ ಅಥವಾ ಆಮಿಷ, ಪುರಾವೆ ನಾಶ, ಅದೇ ಬಗೆಯ ಹೊಸ ಅಪರಾಧ, ತಲೆಮರೆಸಿಕೊಳ್ಳುವುದು, ವಿಚಾರಣೆ ಎಳೆಯುವುದು ಸಾಮಾನ್ಯ ಕಾರಣಗಳು. 2024ರ ಜುಲೈ 1ರಿಂದ ಈ ಅಧಿಕಾರ ಇರುವುದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 480(5) ಮತ್ತು 483(3)ರಲ್ಲಿ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 437(5), 439(2)ರ ಜಾಗದಲ್ಲಿ ಬಂದವು ಇವು. ಹೊಸ ಸಂಗತಿ ನಡೆದಿದ್ದರೆ ಜಾಮೀನು ಕೊಟ್ಟ ಸೆಷನ್ಸ್ ಕೋರ್ಟಿಗೇ ಅರ್ಜಿ ಹಾಕಬಹುದು. ಹೈಕೋರ್ಟು ಕೊಟ್ಟ ಜಾಮೀನನ್ನು ಸೆಷನ್ಸ್ ಕೋರ್ಟು ಮುಟ್ಟುವಂತಿಲ್ಲ, ವಿಚಾರಣೆ ನಡೆಯುವಾಗ ಹೊಸ ಸಂದರ್ಭ ಹುಟ್ಟಿದ್ದರೆ ಮಾತ್ರ ಅದಕ್ಕೆ ಅವಕಾಶ. 1978ರ ಗುರುಚರಣ್ ಸಿಂಗ್ ತೀರ್ಪಿನಿಂದ ಬಂದ ಮಾತು ಇದು. ಹಾಗಾಗಿ ಹೈಕೋರ್ಟಿನ ಆದೇಶದ ಕೊನೆಯ ಪುಟದ ಷರತ್ತುಗಳನ್ನು ಸರಿಯಾಗಿ ಓದಿ. ಷರತ್ತು ಮೀರಿದರೆ ಎಲ್ಲಿ ರದ್ದು ಕೇಳಬೇಕೆಂಬುದು ಕೆಲವೊಮ್ಮೆ ಅಲ್ಲೇ ಬರೆದಿರುತ್ತದೆ.

ಅರ್ಜಿಗಳು ಹೆಚ್ಚಾಗಿ ಬೀಳುವುದು ಪುರಾವೆಯಲ್ಲಿ. ಸಂದೇಹಕ್ಕೆ ಆಸ್ಪದವಿಲ್ಲದಂತೆ ಸಾಬೀತು ಮಾಡಬೇಕಿಲ್ಲ, ಸಂಭವನೀಯತೆಯ ತಕ್ಕಡಿ ನಿಮ್ಮ ಕಡೆ ವಾಲಿದರೆ ಸಾಕು. 1978ರಲ್ಲಿ ಸಂಜಯ್ ಗಾಂಧಿ ಪ್ರಕರಣದಲ್ಲಿ ಹಾಗೆಂದ ಸುಪ್ರೀಂ ಕೋರ್ಟು ಒಂದು ತಿಂಗಳ ಮಟ್ಟಿಗೆ ಜಾಮೀನು ರದ್ದು ಮಾಡಿತ್ತು. ಆದರೆ ಸಾಕ್ಷಿ ಉಲ್ಟಾ ಹೊಡೆದ ಎಂಬುದೊಂದೇ ಸಾಲದು. ಅದರ ಹಿಂದೆ ಆರೋಪಿಯ ಕೈಯಿತ್ತು ಎಂದು ತೋರಿಸಬೇಕು. ‘ಆರೋಪಿಯ ಕಡೆಯವರು ಆಗಾಗ ಬೆದರಿಸುತ್ತಿದ್ದಾರೆ’ ಎಂಬ ಅಫಿಡವಿಟ್‌ನಿಂದ ಏನೂ ಆಗದು. ಯಾವ ತಾರೀಖು, ಎಷ್ಟು ಹೊತ್ತಿಗೆ, ಎಲ್ಲಿ, ಯಾರು, ಯಾವ ಮಾತು, ಕೇಳಿದವರು ಯಾರು ಎಂಬುದಿರಬೇಕು. ಮನೆಯವರಲ್ಲದ ಒಬ್ಬರ ಅಫಿಡವಿಟ್ ಇದ್ದರೆ ತೂಕ ಹೆಚ್ಚು. ಬೆದರಿಕೆ ಬಂದ ದಿನವೇ ಠಾಣೆಗೆ ಬರಹದಲ್ಲಿ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ಸುಳ್ಳು ಸಾಕ್ಷಿ ಹೇಳೆಂದು ಬೆದರಿಸುವುದೇ ಭಾರತೀಯ ನ್ಯಾಯ ಸಂಹಿತೆಯ ಕಲಂ 232ರಡಿ ಪ್ರತ್ಯೇಕ ಅಪರಾಧ. ವಾಟ್ಸ್ಆ್ಯಪ್ ಸಂದೇಶ, ಧ್ವನಿಮುದ್ರಣ ಹಾಜರುಪಡಿಸುವುದಾದರೆ ಎಲೆಕ್ಟ್ರಾನಿಕ್ ದಾಖಲೆಗೆ ಬೇಕಾದ, ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63ರ ಪ್ರಮಾಣಪತ್ರ ಜೊತೆಗಿರಲಿ, ಮೂಲ ಫೋನಿನಿಂದ ಏನನ್ನೂ ಅಳಿಸಬೇಡಿ. ಜೊತೆಗೆ ಜಾಮೀನು ಆದೇಶದ ದೃಢೀಕೃತ ನಕಲು, ಎಫ್ಐಆರ್, ದೋಷಾರೋಪ ಪಟ್ಟಿ. ಮೂರು ತಿಂಗಳು ಸುಮ್ಮನಿದ್ದು ಸಾಕ್ಷಿ ವಿಚಾರಣೆಯ ಹಿಂದಿನ ದಿನ ಅರ್ಜಿ ಹಾಕಿದರೆ ‘ಇಷ್ಟು ದಿನ ಏನು ಮಾಡುತ್ತಿದ್ದಿರಿ’ ಎಂಬ ಪ್ರಶ್ನೆ ಬಂದೇ ಬರುತ್ತದೆ.

‘ಬೆದರಿಕೆಯಿದ್ದರೆ ಸಾಕ್ಷಿ ಸಂರಕ್ಷಣಾ ಯೋಜನೆಗೆ ಹೋಗಿ’ ಎಂಬ ತಕರಾರೂ ಕೇಳಿಬರುತ್ತದೆ. ಆ ಯೋಜನೆ ಜಾಮೀನು ರದ್ದತಿಗೆ ಬದಲಿಯಲ್ಲ ಎಂದು ಸುಪ್ರೀಂ ಕೋರ್ಟು 2025ರಲ್ಲಿ ಹೇಳಿದೆ. ಎರಡನ್ನೂ ಕೇಳಬಹುದು.

ಷರತ್ತು ಮೀರಿದ ಮಾತ್ರಕ್ಕೆ ಜಾಮೀನು ಹೋಗುವುದಿಲ್ಲ. ನಮ್ಮ ಕಲಬುರಗಿ ಭಾಗದಲ್ಲಿ ‘ನ್ಯಾಯಾಲಯದ ವ್ಯಾಪ್ತಿ ಬಿಟ್ಟು ಹೋಗಬಾರದು’ ಎಂಬ ಷರತ್ತು ಮುರಿಯುವುದು ಬಲು ಸುಲಭ: ಬೀದರ್‌ನವರಿಗೆ ಜಹೀರಾಬಾದ್, ಅಫಜಲಪುರದವರಿಗೆ ಸೊಲ್ಲಾಪುರ, ಗುರುಮಠಕಲ್‌ನವರಿಗೆ ನಾರಾಯಣಪೇಟ ಹತ್ತಿರ. ಆಸ್ಪತ್ರೆಗೆಂದು ಹೋಗಿ ಬಂದವನ ಜಾಮೀನು ಕಸಿಯಲು ಯಾವ ನ್ಯಾಯಾಧೀಶರೂ ಮನಸ್ಸು ಮಾಡರು, ಮಾಡಲೂಬಾರದು. ಷರತ್ತಿನಂತೆ ಠಾಣೆಗೆ ಹೋಗಿ ಹಾಕಬೇಕಾದ ಸಹಿಯನ್ನು ಪದೇ ಪದೇ ತಪ್ಪಿಸಿ, ಪೇಶಿಗೂ (ಕೋರ್ಟಿನ ವಿಚಾರಣೆ ದಿನಕ್ಕೂ) ಬಾರದಿದ್ದರೆ ಮಾತು ಬೇರೆ. ಆಗ ಹಾಜರಿ ಪುಸ್ತಕದ ನಕಲನ್ನು ತನಿಖಾಧಿಕಾರಿಯಿಂದ ತರಿಸುವಂತೆ ಸರ್ಕಾರಿ ಅಭಿಯೋಜಕರನ್ನು ಕೇಳಿ.

ಬಡಿದಾಟದ ಕೇಸುಗಳಲ್ಲಿ ಇನ್ನೊಂದು ಪರಿಸ್ಥಿತಿ ಬರುತ್ತದೆ. ಆರೋಪಿಗೆ ಜಾಮೀನು ಸಿಕ್ಕ ಮೇಲೆ ಗಾಯಾಳು ಕಲಬುರಗಿಯ ಜಿಮ್ಸ್ ಆಸ್ಪತ್ರೆಯಲ್ಲಿ ತೀರಿಕೊಂಡರೆ ನ್ಯಾಯ ಸಂಹಿತೆಯ ಕೊಲೆಯ ಕಲಂ 103 ಸೇರುತ್ತದೆ. ಆಗ ಪೊಲೀಸರು ತಾವೇ ಹೋಗಿ ಆರೋಪಿಯನ್ನು ಎತ್ತಿಕೊಂಡು ಬರುವಂತಿಲ್ಲ. ಜಾಮೀನು ಕೊಟ್ಟ ಕೋರ್ಟಿನಿಂದ ಬಂಧನಕ್ಕೆ ಆದೇಶ ಪಡೆಯಬೇಕು. ಆರೋಪಿ ತಾನೇ ಶರಣಾಗಿ ಹೊಸ ಕಲಮಿಗೆ ಜಾಮೀನು ಕೇಳಬಹುದು. ಇದು 2019ರ ಪ್ರದೀಪ್ ರಾಮ್ ತೀರ್ಪು. ಪೊಲೀಸರು ಸಕಾಲಕ್ಕೆ ದೋಷಾರೋಪ ಪಟ್ಟಿ ಸಲ್ಲಿಸದ್ದಕ್ಕೆ ಸಿಕ್ಕ ಜಾಮೀನೂ ಶಾಶ್ವತವಲ್ಲ. ಪಟ್ಟಿಯಲ್ಲಿ ಬಲವಾದ ಪುರಾವೆ ಕಂಡರೆ ರದ್ದು ಮಾಡಬಹುದು, ಪಟ್ಟಿ ಸಲ್ಲಿಸಿದ್ದೇ ಕಾರಣವಾಗದು (ಗಂಗಿರೆಡ್ಡಿ ಪ್ರಕರಣ, 2023).

ಪರಿಶಿಷ್ಟ ಜಾತಿ, ಪಂಗಡ ದೌರ್ಜನ್ಯ ತಡೆ ಕಾಯ್ದೆಯ ಕೇಸಾದರೆ ಮೊದಲು ನೋಡಬೇಕಾದದ್ದು ಕಲಂ 15ಎ: ಜಾಮೀನು ವಿಚಾರಣೆಗೆ ಮುಂಚೆ ಸಂತ್ರಸ್ತರಿಗೆ ನೋಟಿಸ್ ಬಂದಿತ್ತೇ? ಬರದಿದ್ದರೆ ಆ ಲೋಪವೇ ಗಟ್ಟಿ ಕಾರಣ. 2021ರ ಹರಿರಾಮ್ ಭಾಂಭಿ ತೀರ್ಪು ಅದನ್ನೇ ಹೇಳುತ್ತದೆ. ವಿಶೇಷ ನ್ಯಾಯಾಲಯ ಜಾಮೀನು ಕೊಟ್ಟಿದ್ದರೆ ಅದರ ವಿರುದ್ಧ ಹೈಕೋರ್ಟಿಗೆ ಹೋಗುವುದು ಕಲಂ 14ಎ ಪ್ರಕಾರ ಮೇಲ್ಮನವಿಯಾಗಿ. ಮಹಿಳೆಯರಿಗೆ, ಪರಿಶಿಷ್ಟರಿಗೆ ಆದಾಯ ನೋಡದೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ವಕೀಲರನ್ನು ಕೊಡುತ್ತದೆ, ಸಹಾಯವಾಣಿ 15100.

ರದ್ದಾದ ಮೇಲೂ ಆರೋಪಿ ಬದಲಾದ ಸಂದರ್ಭ ತೋರಿಸಿ ಮತ್ತೆ ಜಾಮೀನು ಕೇಳಬಹುದು. ಆ ಹಂತದಲ್ಲೂ ತನ್ನ ಮಾತು ಕೇಳಿಸುವ ಹಕ್ಕು ಸಂತ್ರಸ್ತರಿಗಿದೆ ಎಂದು ಸುಪ್ರೀಂ ಕೋರ್ಟು 2022ರ ಲಖಿಂಪುರ ಖೇರಿ ಪ್ರಕರಣದಲ್ಲಿ ಹೇಳಿದೆ. ಆದ್ದರಿಂದ ರದ್ದತಿ ಆದೇಶ ಕೈಗೆ ಬಂತೆಂದು ವಕಾಲತ್ತು ಹಿಂಪಡೆಯಬೇಡಿ, ಕೇಸಿನ ಮುಂದಿನ ಪೇಶಿಗಳನ್ನು ಇ-ಕೋರ್ಟ್ಸ್‌ನಲ್ಲಿ ನೋಡುತ್ತಿರಿ.